ಉದಾಹರಣೆ ವಾಕ್ಯದ ಅವಳು

ಯಾರಿಗೂ ಬೇಡದ ಇಂಗ್ಲಿಷ್ ಪದಗಳಿಗೆ ಕನ್ನಡದಲ್ಲಿ ಅರ್ಥ ಬರೆಯುವುದು ನನ್ನ ಉದ್ಯೋಗ ಎಂದರೆ ಜನ ಮರುಕದಿಂದ ನೋಡುತ್ತಾರೆ. ಅರ್ಥ ಬರೆಯುವುದೇನೂ ಕಷ್ಟವಲ್ಲ. ಆಗ್ಲೆಟ್ ಎಂದರೆ ಶೂ ಲೇಸಿನ ತುದಿಯ ಗಟ್ಟಿ ಕವಚ. ಪೋಸ್ಟ್‌ಪ್ರಾಂಡಿಯಲ್ ಎಂದರೆ ಊಟದ ನಂತರದ. ಕಷ್ಟವಿರುವುದು ಅರ್ಥದ ಕೆಳಗೆ ಬರೆಯಬೇಕಾದ ಉದಾಹರಣೆ ವಾಕ್ಯದಲ್ಲಿ. ಪವಾಯಿಯ ನಮ್ಮ ಆಫೀಸಿನ ನಿಘಂಟು ಆ್ಯಪ್‌ನಲ್ಲಿ ವಾಕ್ಯವಿಲ್ಲದ ಪದ ಮುಂದಕ್ಕೆ ಹೋಗುವುದಿಲ್ಲ. ವಾಕ್ಯಕ್ಕೊಬ್ಬ ಕರ್ತೃ ಬೇಕಲ್ಲ, ನಾನು ‘ಅವಳು’ ಎಂದು ಬರೆದುಬಿಡುತ್ತೇನೆ.

ಧಾರವಾಡದಿಂದ ಈ ಮಹಾನಗರಕ್ಕೆ ಬಂದು ಭಾಂಡುಪ್‌ನ ಒಂದು ಕೋಣೆಯಲ್ಲಿ ಎರಡು ವರ್ಷದಿಂದ ಇದ್ದೇನೆ. ಬಿಲ್ಡಿಂಗಿನಲ್ಲಿ ನನ್ನನ್ನು ಹೆಸರಿನಿಂದ ಬಲ್ಲವರು ಯಾರೂ ಇಲ್ಲ. ಅದು ನನಗೆ ಅನುಕೂಲವೆಂದೇ ಹೇಳಿಕೊಳ್ಳುತ್ತೇನೆ. ನನ್ನ ಪದಗಳನ್ನು ತಿದ್ದುವವರು ಸಾಂತಾಕ್ರೂಜ್‌ನ ಶಾಂತಾ ಮೇಡಂ. ವಿಜಯಪುರದವರು, ನಿವೃತ್ತ ಶಿಕ್ಷಕಿ. ನಾನು ಅವರ ಮುಖ ನೋಡಿಲ್ಲ, ಕೆಂಪು ಅಕ್ಷರದ ಟಿಪ್ಪಣಿಗಳನ್ನು ಮಾತ್ರ ನೋಡಿದ್ದೇನೆ. ಕಳೆದ ಗುರುವಾರ, ನಾನು ಕಳಿಸಿದ್ದ ನಲವತ್ತು ಪದ ಓದಿದ ಮೇಲೆ, ಅವರು ಟಿಪ್ಪಣಿ ಬಿಟ್ಟು ನೇರವಾಗಿ ಫೋನ್ ಮಾಡಿದರು.

“ಅಲ್ರೀ, ಈಕಿ ಯಾರು? ನಲವತ್ತು ಶಬ್ದದಾಗೂ ಒಬ್ಬಾಕೀನ ಅದಾಳಲ್ಲ.”

ಅವರೇ ಓದಿ ಹೇಳಿದರು. ಆಗ್ಲೆಟ್ ಮುರಿದ ಲೇಸನ್ನು ಅವಳು ಮೆಟ್ಟಿಲ ಮೇಲೆ ಕೂತು ಪೋಣಿಸಿದಳು. ಪೋಸ್ಟ್‌ಪ್ರಾಂಡಿಯಲ್ ಜಡತೆಯಲ್ಲಿ ಅವಳು ಒಂದು ತಟ್ಟೆ, ಒಂದು ಲೋಟ ತೊಳೆದಳು. ಕೊಲಂಬೈನ್, ಅಂದರೆ ಪಾರಿವಾಳಕ್ಕೆ ಸಂಬಂಧಿಸಿದ್ದು: ಕಿಟಕಿಯ ಕೊಲಂಬೈನ್ ಗುಟುರಿಗೆ ಅವಳು ‘ಹೂಂ’ ಎಂದಳು. ಬರೆಯುವಾಗ ನನಗೆ ವ್ಯಾಕರಣವಷ್ಟೇ ಕಂಡಿತ್ತು. ಇನ್ನೊಬ್ಬರ ದನಿಯಲ್ಲಿ ಕೇಳಿದಾಗ ಕಿವಿ ಬಿಸಿಯಾಯಿತು.

ಅದು ಬರೀ ಉದಾಹರಣೆ ಎಂದೆ. ಮೇಡಂ ಬಿಡಲಿಲ್ಲ.

“ಹಂಗಾರ ಆಕೀನ್ನ ಭಾನುವಾರ ನಮ್ಮನಿಗೆ ಊಟಕ್ಕ ಕಳಸ್ರಿ. ರೊಟ್ಟಿ, ಬದನಿಕಾಯಿ ಪಲ್ಯ ಮಾಡ್ತೀನಿ.”

ಹೋಗಬೇಕೆಂದು ಎಷ್ಟು ಆಸೆಯಾಯಿತೆಂದರೆ, ಗಾಬರಿಯಿಂದ ಬಾಯಿಗೆ ಬಂದದ್ದನ್ನು ಹೇಳಿಬಿಟ್ಟೆ: “ಆಕಿಗೆ ಭಾನುವಾರ ಕೆಲಸ ಅದ ರೀ, ಮೇಡಂ.”

“ಆತು ಬಿಡ್ರಿ. ವಾಕ್ಯನಾದ್ರೂ ತಿದ್ದಿ ಕಳಸ್ರಿ. ನಾಕು ಮಂದೀನ್ನ ಸೇರಸ್ರಿ ಅದ್ರಾಗ.”

ಹೀಗೆ ನನ್ನ ಸುಳ್ಳು ನಿಜವಾಯಿತು. ಭಾನುವಾರ ಬೆಳಿಗ್ಗೆಯಿಂದ ಕೂತು ನಲವತ್ತೂ ವಾಕ್ಯ ತಿದ್ದಿದೆ. ಲೇಸು ಪೋಣಿಸಲು ಅವಳಿಗೊಬ್ಬ ಅಣ್ಣನನ್ನು ಕೊಟ್ಟೆ. ಪೋಸ್ಟ್‌ಪ್ರಾಂಡಿಯಲ್ ಹರಟೆಗೆ ಗೆಳತಿಯರನ್ನು ಕರೆಸಿದೆ. ಪಾರಿವಾಳವನ್ನು ಓಡಿಸಲು ಪಕ್ಕದ ಮನೆಯ ಅಜ್ಜಿ ಬಂದರು. ಮೂರು ಗಂಟೆಗೆ ಕೊನೆಯ ವಾಕ್ಯ ಮುಗಿಸಿದಾಗ ಅವಳ ಮನೆಯಲ್ಲಿ ಕೂರಲು ಜಾಗವಿರಲಿಲ್ಲ. ನನ್ನದು ಇನ್ನೂ ಊಟವಾಗಿರಲಿಲ್ಲ.