ಹೊರಿಯೋ ಹೋರಿಯೋ

ಒಂದು ಭಾಷೆಯನ್ನು ಬಲ್ಲವರು ಬೇರೆ, ಆ ಭಾಷೆಯ ಬಗ್ಗೆ ಬಲ್ಲವರು ಬೇರೆ. ಹೊತ್ತು ಬಂದಾಗ ಮೊದಲನೆಯವರು ಓಡುತ್ತಾರೆ, ಎರಡನೆಯವರು ನಿಂತು ವಿಚಾರ ಮಾಡುತ್ತಾರೆ. ನಾನು ಎರಡನೆಯ ಗುಂಪಿನವನು ಎಂಬುದು ನನಗೆ ಐವತ್ತೊಂದನೆಯ ವಯಸ್ಸಿನಲ್ಲಿ, ಖಾನಾಪುರದ ಸಂತೆಯ ಓಣಿಯೊಂದರಲ್ಲಿ, ಇಪ್ಪತ್ತು ಸೆಕೆಂಡಿನೊಳಗೆ ತಿಳಿದುಬಂತು. ಆ ಇಪ್ಪತ್ತು ಸೆಕೆಂಡು ನನ್ನ ಫೋನಿನಲ್ಲಿ ರೆಕಾರ್ಡ್ ಆಗಿವೆ. ಆಗಿ ಒಂದು ತಿಂಗಳಾದರೂ ದಿನಕ್ಕೆ ನಾಲ್ಕೈದು ಸಲ ಹಾಕಿ ಕೇಳುತ್ತೇನೆ. "ಅದನ್ನ ಅಳಿಸಿ ಒಗೀರಿ ಅತ್ಲಾಗ" ಎನ್ನುತ್ತಾಳೆ ಹೆಂಡತಿ ಶೈಲಾ. ಸಂಶೋಧಕನಾದವನು ಸಂಗ್ರಹಿಸಿದ ಸಾಮಗ್ರಿಯನ್ನು ಅಳಿಸಬಾರದು ಎಂದು ಗಂಭೀರವಾಗಿ ಉತ್ತರಿಸುತ್ತೇನೆ. ಖರೇ ಹೇಳಬೇಕೆಂದರೆ, ಪ್ರತಿ ಸಲ ಹಾಕುವಾಗಲೂ ಈ ಸಲವಾದರೂ ನಾನು ಬೇರೆ ಏನಾದರೂ ಹೇಳಿದ್ದೇನೋ ಎಂಬ ಆಸೆ. ಇಲ್ಲ. ಪ್ರತಿ ಸಲವೂ ಅದನ್ನೇ ಹೇಳಿರುತ್ತೇನೆ.

ನಾನು ಬೆಳಗಾವಿಯ ಒಂದು ಕಾಲೇಜಿನಲ್ಲಿ ಕನ್ನಡ ಕಲಿಸುವವನು. ಮನೆ ಖಾಸಬಾಗದಲ್ಲಿ. ವಾರಿಗೆಯವರೆಲ್ಲ ಮಕ್ಕಳ ಮದುವೆಯ ಚಿಂತೆಯಲ್ಲಿರುವಾಗ ನಾನು ಪಿಎಚ್‌.ಡಿ.ಗೆ ಹೆಸರು ಹಚ್ಚಿದೆ. ವಿಷಯ ಉತ್ಪಾದಕ ಧ್ವನಿವಿಜ್ಞಾನ. ನಮ್ಮ ಬಾಜು ಮನೆಯವರದು ಕಬ್ಬಿಣ ಎರಕ ಹೊಯ್ಯುವ ಕಾರ್ಖಾನೆ. ಅವರು ಹೆಸರು ಕೇಳಿ ಬಹಳ ಗೌರವದಿಂದ, "ತಿಂಗಳಿಗೆ ಎಷ್ಟ ಉತ್ಪಾದನಿ ಆಗತೈತ್ರಿ ಸರ?" ಎಂದರು. ಐದು ವರ್ಷದಲ್ಲಿ ಐದು ಅಧ್ಯಾಯ ಎಂದು ಹೇಳಲು ಸಂಕೋಚವಾಗಿ, "ಇನ್ನೂ ಮಷೀನ್ ಕುಂದರಸಾಕತ್ತೇವಿ" ಎಂದೆ.

ವಿಷಯ ಕೇಳಲು ದೊಡ್ಡದು, ತಿರುಳು ಸಣ್ಣದು. ಪ್ರತಿ ಮಾತಿಗೂ ಮನಸ್ಸಿನೊಳಗೆ ಒಂದು ರೂಪ ಇರುತ್ತದೆ, ನಾಲಗೆಯ ಮೇಲೆ ಇನ್ನೊಂದು. ಒಳಗಿನದು ಹೊರಗೆ ಬರುವಾಗ ನಡುವೆ ಕೆಲವು ನಿಯಮಗಳು ಜಕಾತಿ ಕಟ್ಟೆಯವರಂತೆ ನಿಂತು, ತಡೆದು, ಏನಾದರೊಂದು ಕಿತ್ತುಕೊಂಡು ಬಿಡುತ್ತವೆ. ನಮ್ಮ ಕಡೆಯ ಕಟ್ಟೆಯಲ್ಲಿ ಕಿತ್ತುಕೊಳ್ಳುವುದು ಮಾತಿನ ಕೊನೆಯ ಎಕಾರ. ಒಳಗೆ 'ಮನೆ' ಎಂದು ಹೊರಟದ್ದು ಹೊರಗೆ 'ಮನಿ' ಎಂದು ಬೀಳುತ್ತದೆ. ಇದು ನನ್ನ ಸಿದ್ಧಾಂತ. ಶೈಲಾ ಪಾರಿಶ್ವಾಡದವಳು, ಪ್ರಾಥಮಿಕ ಶಾಲೆಯಲ್ಲಿ ಗಣಿತ ಕಲಿಸುತ್ತಾಳೆ. ಮೊದಲ ಅಧ್ಯಾಯವನ್ನು ಅವಳಿಗೆ ಓದಿ ತೋರಿಸಿದಾಗ ಮೆಂತೆ ಸೋಸುತ್ತಲೇ ಕೇಳಿದಳು: "ನಾ ಹುಟ್ಟಿದಾಗಿಂದ ಮನಿ ಅಂತೇನಿ. ನಮ್ಮವ್ವ ಮನಿ ಅಂದ್ಲು, ಅವರವ್ವ ಮನಿ ಅಂದ್ಲು. ಮತ್ತ ನನ್ನ ತಲ್ಯಾಗ ಈ ಮನೆ ಯಾವಾಗ ಬಂದು ಇಟ್ರಿ ನೀವು?" ಇದಕ್ಕೆ ಉತ್ತರ ಎರಡನೆಯ ಅಧ್ಯಾಯದಲ್ಲಿ ಬರುತ್ತದೆ ಎಂದೆ. ಬರಲಿಲ್ಲ. ಮೂರರಲ್ಲೂ ಬರಲಿಲ್ಲ. ನಾನೂ ಈ ನೆಲದವನೇ, ಚಿಕ್ಕಂದಿನಲ್ಲಿ ಮನಿಯಲ್ಲೇ ಇದ್ದವನು. ಕಾಲೇಜಿನ ನೌಕರಿ ಸಿಕ್ಕ ಮೇಲೆ ಮನೆಗೆ ಹೋದೆ.

ಈ ಎಕಾರ ಹೋದುದರಿಂದ ಆಗಿರುವ ಅನಾಹುತವೇ ನನ್ನ ಐದನೆಯ ಅಧ್ಯಾಯ. ಪುಸ್ತಕದಲ್ಲಿ 'ಕೆರೆ'ಗೂ 'ಕೇರಿ'ಗೂ ಎಷ್ಟು ಅಂತರ ನೋಡಿ. ನಮ್ಮ ಬಾಯಲ್ಲಿ ಕೆರಿ, ಕೇರಿ. ಉಳಿದದ್ದು ಒಂದು ಹ್ರಸ್ವ, ಒಂದು ದೀರ್ಘ. 'ಬೆಲೆ' ಬೆಲಿಯಾಗಿ 'ಬೇಲಿ'ಯ ಮಗ್ಗುಲಲ್ಲಿ ಬಂದು ಕೂತಿದೆ. ಇದರ ಬಿಸಿ ನನಗೆ ಮೊದಲು ತಟ್ಟಿದ್ದು ಮದುವೆಯಾದ ಹೊಸತರಲ್ಲಿ. ಮಾವ ಪಾರಿಶ್ವಾಡದಿಂದ ಫೋನ್ ಮಾಡಿ, ಗರಗರ ಸದ್ದಿನ ನಡುವೆ, "ಹೊಲದ ಬೇಲಿ ಬಿದ್ದೈತ್ರಿ ಅಳಿಯಾರ" ಎಂದರು. ನಾನು ಭೂಮಿಯ ಬೆಲೆ ಬೀಳುವುದು ಏಳುವುದು ಲೋಕದ ನಿಯಮ, ಎರಡು ವರ್ಷ ತಾಳಿದರೆ ತಾನೇ ಏಳುತ್ತದೆ ಎಂದು ಕಾಲು ಗಂಟೆ ಸಮಾಧಾನ ಹೇಳಿದೆ. ಅವರು ಎಲ್ಲ ಕೇಳಿಸಿಕೊಂಡು, "ಅಲ್ರೀ, ಅಲ್ಲೀತನಾ ಎಮ್ಮಿ ಹೊರಗ ನಿಲ್ತಾವೇನ್ರಿ?" ಎಂದರು.

ನನ್ನ ಮಾರ್ಗದರ್ಶಕರಿಗೆ ಈ ಕಥೆ ಸಾಲಲಿಲ್ಲ. ಅವರು ಚೌಗುಲೆ ಸರ್, ನಿವೃತ್ತರು, ತೂಕದ ಮನುಷ್ಯ. ಅವರ ಹೆಸರೇ ನನ್ನ ನಿಯಮಕ್ಕೆ ಸಿಕ್ಕಿ ಊರ ಬಾಯಲ್ಲಿ 'ಚೌಗಲಿ' ಆಗಿದೆ, ಅದನ್ನು ಕೇಳಿದರೆ ಅವರ ಮುಖ ಸಣ್ಣದಾಗುತ್ತದೆ. "ನಿಮ್ಮ ಮಾವನ ಫೋನ್ ಕೆಟ್ಟಿತ್ತು, ಅದು ಲೆಕ್ಕಕ್ಕಿಲ್ಲ" ಎಂದರು. "ಎದುರಾಎದುರು ಮಾತಾಡೂವಾಗ ಯಾರೂ ತಪ್ಪು ತಿಳಕೊಳ್ಳೂದಿಲ್ಲ. ಸಂದರ್ಭ ಕಾಪಾಡ್ತದ. ಕಣ್ಣಮುಂದ ತಪ್ಪು ಕೇಳಿದ್ದು ಒಂದ ಒಂದು ಉದಾಹರಣೆ ತರ್ರಿ, ಅಧ್ಯಾಯ ಇಡೂಣು. ಇಲ್ಲಾಂದ್ರ ತಗೀರಿ." ಪ್ರಬಂಧ ಸಲ್ಲಿಸಲು ಸಿಕ್ಕಿದ್ದ ಕೊನೆಯ ಅವಧಿಯಲ್ಲಿ ಉಳಿದದ್ದು ಎರಡು ತಿಂಗಳು. ಐದರಲ್ಲಿ ಒಂದು ಹೋದರೆ ಉಳಿಯುವುದು ನಾಲ್ಕು, ಆ ನಾಲ್ಕೂ ಐದನೆಯದಕ್ಕೆ ಪೀಠಿಕೆ.

ಹಾಗಾಗಿ ಒಂದು ಸಂತೆಯ ದಿನ ಬೆಳಿಗ್ಗೆ ಸರ್ ಅವರನ್ನೇ ಕರೆದುಕೊಂಡು ಖಾನಾಪುರಕ್ಕೆ ಹೋದೆ. ಶೈಲಾಳ ಚಿಗವ್ವ ಗಂಗವ್ವ ಅಲ್ಲಿ ಒಂದು ಇಕ್ಕಟ್ಟಿನ ಓಣಿಯ ಮೂಲೆಯಲ್ಲಿ, ಮುಚ್ಚಿದ ಅಂಗಡಿಯ ಕಟ್ಟೆಯ ಮೇಲೆ ಮೆಂತೆ ಮುಂತಾದ ತಪ್ಪಲಪಲ್ಲೆ ಮಾರುತ್ತಾಳೆ. ಗಿರಾಕಿಯ ಮುಖ ನೋಡಿ ಕನ್ನಡವನ್ನೋ ಮರಾಠಿಯನ್ನೋ ತೆಗೆಯುತ್ತಾಳೆ, ಎರಡೂ ಒಂದೇ ಬುಟ್ಟಿಯಲ್ಲಿವೆ. ನಮ್ಮನ್ನು ನೋಡಿ, "ಬರ್ರಿ ಅಳಿಯಾರ. ಇವರೇನ ಚೌಗಲಿ ಸರ್ರ? ಕುಂದರ್ರಿ" ಎಂದಳು. ಸರ್ ಮುಖ ಸಣ್ಣದಾಯಿತು. ಕೂರಲಿಲ್ಲ. ಓಣಿಯ ನಡುವೆ ನಿಂತರೆ ಎರಡೂ ಕಡೆಯ ಮಾತು ಕೇಳುತ್ತದೆ ಎಂದು ನಡುವೆಯೇ ನಿಂತರು. ಬಲಗೈಯಲ್ಲಿ ಪೆನ್ನು, ಎಡಗೈಯಲ್ಲಿ ವಹಿ, ಹೆಗಲಲ್ಲಿ ನನ್ನ ಐದನೆಯ ಅಧ್ಯಾಯವಿದ್ದ ಚೀಲ. ನಾನು ಫೋನನ್ನು ಆರತಿಯಂತೆ ಹಿಡಿದು ಪಕ್ಕದಲ್ಲಿ ನಿಂತೆ.

ಆ ಓಣಿ ದನದ ಪೇಟೆಗೆ ಹೋಗುವ ಒಳದಾರಿ. ಹೆಂಗಸರು ತಲೆಯ ಮೇಲೆ ಹಸಿಮೇವಿನ ಹೊರೆ ಹೊತ್ತು ಒಬ್ಬರ ಹಿಂದೊಬ್ಬರು ಬರುತ್ತಿದ್ದರು. ಹೊರೆ ಅಷ್ಟು ದೊಡ್ಡದು, ಮುಂದಿನದು ಕಾಣುವುದಿಲ್ಲ. ಅದಕ್ಕೆ ಪ್ರತಿಯೊಬ್ಬರೂ ದೂರದಿಂದಲೇ, "ಹೊರಿ ಬಂತ್ರಿ, ಸರೀರಿ" ಎಂದು ಕೂಗುತ್ತಿದ್ದರು. ನಾವು ಗೋಡೆಗೆ ಒತ್ತಿ ನಿಲ್ಲುವುದು, ಹೊರೆ ಸವರಿಕೊಂಡು ಹೋಗುವುದು, ಸರ್ ಕೂದಲಲ್ಲಿ ಸಿಕ್ಕ ಹುಲ್ಲಿನ ಎಸಳು ತೆಗೆಯುವುದು. ಅರ್ಧ ಗಂಟೆಯಲ್ಲಿ ಏಳು ಹೊರೆ ಹೋದವು. ಏಳಕ್ಕೂ ಹ್ರಸ್ವ ಎಂದು ಸರ್ ಗೆರೆ ಎಳೆದರು. "ನೋಡ್ರಿ, ಯಾರರ ತಪ್ಪು ಕೇಳಿದ್ರೇನು?" ಎಂದು ನನ್ನ ಕಡೆ ನೋಡಿದರು. ಅಧ್ಯಾಯದ ಜೀವ ಹೋಗುತ್ತಿರುವುದು ನನಗೆ ಕಾಣುತ್ತಿತ್ತು.

ಇನ್ನು ಮುಂದಿನದು ರೆಕಾರ್ಡಿನಲ್ಲಿದೆ. ಮೊದಲು ದೂರದಿಂದ ಒಂದು ಗಂಡಸಿನ ದನಿ: "ಹೋರಿ ಬಂತೋ, ಹೋರಿ!" ಓಕಾರ ಮಲಪ್ರಭೆಯ ಆಚೆ ದಂಡೆಗೂ ಕೇಳುವಷ್ಟು ದೀರ್ಘ. ತಕ್ಷಣ ನನ್ನ ದನಿ. ಪಾಠದ ದನಿ: "ಕೇಳಿದ್ರಾ ಸರ್, ಇಲ್ಲಿ ಮೊದಲನೆಯ ಸ್ವರ ದೀರ್ಘವಾಗಿದೆ. ಕೂಗುವಾಗ ಹಾಗಾಗುತ್ತದೆ. ಒಳರೂಪ ಹೊರೆಯೇ." ಸರ್ ದನಿ: "ಹೂಂ. ಬರಕೋತೀನಿ." ನಡುವೆ ಏನೋ ತಗಡು ಬಿದ್ದ ಸಪ್ಪಳ, ಬಹಳ ಚಪ್ಪಲಿಗಳು ಒಟ್ಟಿಗೆ ಓಡುವ ಸಪ್ಪಳ. ಗಂಗವ್ವ: "ಅಳಿಯಾರ, ಸರೀರಿ, ಹೋರಿ ಐತಿ!" ಸರ್, ಬಹಳ ವಿನಯದಿಂದ: "ಅವ್ವಾರ, ಆ ಶಬ್ದ ಇನ್ನೊಮ್ಮೆ ಅನ್ರಿ. ಸಾವಕಾಶ." ಆಗ ಗಂಗವ್ವ ಬುಟ್ಟಿಯಿಂದ ಇನ್ನೊಂದು ಭಾಷೆ ತೆಗೆದಳು: "ಬೈಲ ಆಲಾ ರೇ, ಬೈಲ!"

ಬೈಲ ಎಂದರೆ ಎತ್ತು ಎಂಬುದಕ್ಕಿಂತ ಹೆಚ್ಚಿಗೆ ಮರಾಠಿಯ ಬಗ್ಗೆ ನಾವಿಬ್ಬರೂ ಏನೂ ಅಭ್ಯಾಸ ಮಾಡಿರಲಿಲ್ಲ. ಹಾಗಾಗಿ ಅದು ತಲೆಯಲ್ಲಿ ಎಲ್ಲಿಯೂ ನಿಲ್ಲದೆ ನೇರ ಕಾಲಿಗೆ ಇಳಿಯಿತು. ಸರ್ ಅರವತ್ತೈದರ ಮನುಷ್ಯ, ಗಂಗವ್ವನ ಮೆಂತೆಯ ರಾಶಿಯ ಮೇಲೆ ಹಾರಿಬಿದ್ದರು. ನನ್ನ ಅಂಗಿಯ ಕಾಲರನ್ನು ಗಂಗವ್ವ ಹಿಂದಿನಿಂದ ಹಿಡಿದು ಜಗ್ಗಿದಳು. ಪೇಟೆಗೆ ತಂದಿದ್ದ ಒಂದು ಬಿಳಿಯ ಹೋರಿ, ಹಗ್ಗ ಹರಿದುಕೊಂಡು, ಓಣಿಯ ಅಗಲಕ್ಕೆ ಸರಿಯಾಗಿ ಹೊಲಿಸಿದಂತೆ ತುಂಬಿಕೊಂಡು ಬಂತು. ಅದರ ಕೊಂಬಿಗೂ ಸರ್ ಸೊಂಟಕ್ಕೂ ನಡುವೆ ಇದ್ದದ್ದು ಒಂದು ಗೇಣು. ಬರಿಯ ಮಾತಿಗೆ ಹೇಳುತ್ತಿಲ್ಲ, ಆ ಗೇಣು ನನ್ನ ಕಣ್ಣಿನಲ್ಲಿ ಹಾಗೇ ಉಳಿದಿದೆ. ಪಾಠ ಮಾಡುವಾಗ ಮೇಜಿನ ಮೇಲೆ ಅಂಗೈ ಅಗಲಿಸಿ ಅಳೆಯುತ್ತಿರುತ್ತೇನೆ, ವಿದ್ಯಾರ್ಥಿಗಳು ನೋಡಿದರೆ ಕೈ ಜೇಬಿಗೆ ಹಾಕುತ್ತೇನೆ. ಕೊಂಬು ಅವರ ಹೆಗಲಿನಿಂದ ಜಾರಿ ಓಣಿಗೆ ಜೋತಿದ್ದ ಚೀಲದ ಹಿಡಿಕೆಯನ್ನು ಹೊಕ್ಕಿತು. ಅಧ್ಯಾಯ ಕೊಂಬಿನ ಮೇಲೆ ಏರಿ ಹೊಳೆಯ ಕಡೆಗೆ ಹೋಯಿತು. ತೆಗೆಯಬೇಕೆಂದು ಸರ್ ಹೇಳಿದ್ದರಷ್ಟೆ, ತೆಗೆದದ್ದು ಹೋರಿ.

ಓಣಿ ಶಾಂತವಾದ ಮೇಲೆ ನೋಡಿದರೆ ಅಲ್ಲಿ ಒಂದು ನರಪಿಳ್ಳೆಯೂ ಇರಲಿಲ್ಲ. ಎಲ್ಲರೂ ಕಟ್ಟೆ ಏರಿ, ಬಾಗಿಲ ಹಿಂದೆ ಸರಿದು, ಸುಖವಾಗಿದ್ದರು. ಒಂದು ನಾಯಿ ಕೂಡ ಮೊದಲೇ ತಿಳಿದು ಗಾಡಿಯ ಕೆಳಗೆ ಹೋಗಿತ್ತು. ಮೆಂತೆಯ ಮೇಲಿಂದ ಸರ್ ಕೇಳಿದ ಮೊದಲ ಮಾತು, "ರೆಕಾರ್ಡ್ ಆತೇನ್ರಿ?" ಅಂತ. ಬಿದ್ದ ಪೆಟ್ಟಿಗೆ ಅವರ ಬಲ ಮುಂಗೈ ವಾಲಿ ತೂಗುತ್ತಿತ್ತು. ಹೋರಿಯ ಒಡೆಯ ಸ್ವಲ್ಪ ಹೊತ್ತಿಗೆ ಚೀಲ ತಂದುಕೊಟ್ಟು, "ಬಾಳ ಗರೀಬ ಹೋರಿ ಐತ್ರಿ, ಏನೂ ಮಾಡೂದಿಲ್ಲ. ಬೆದರಿತ್ತ ಅಷ್ಟ" ಎಂದ. ಗಂಗವ್ವ ಚಪ್ಪಟೆಯಾದ ಮೆಂತೆಯನ್ನು ನೋಡಿ, ನನ್ನನ್ನು ನೋಡಿ, "ಅಷ್ಟ ಓದೀರಿ ಅಂತಾರ. ಹೋರಿ ಅಂದ್ರ ತಿಳಿಯೂದಿಲ್ಲೇನ್ರಿ ನಿಮಗ?" ಎಂದಳು. ತಿಳಿದಿತ್ತು. ಅದರ ಮೇಲೆ ನಲವತ್ತು ಪುಟ ಬರೆದಿದ್ದೆ.

ಆ ವಾರವೆಲ್ಲ ನನಗೆ ನಿದ್ದೆ ಬರಲಿಲ್ಲ. ಹೊರೆ ಎಂದು ಹೇಳಿದವನು ನಾನು. ನಾನು ಬಾಯಿ ಮುಚ್ಚಿಕೊಂಡಿದ್ದರೆ ಸರ್ ತಾವಾಗಿಯೇ ಸರಿಯುತ್ತಿದ್ದರೇನೋ. ಕೊನೆಗೆ ಶೈಲಾಳನ್ನು ಕರೆದುಕೊಂಡು ಅವರ ಮನೆಗೆ ಹೋದೆ. ಕೈಗೆ ಪ್ಲಾಸ್ಟರ್ ಹಾಕಿತ್ತು. "ಸರ, ಅದು ಹೊರೆ ಅಂತ ಹೇಳಿದಾಂವ ನಾನ" ಎಂದೆ. ಸರ್, "ನೀವು ಹೇಳಿದ್ರಿ, ನಾ ಬರಕೊಂಡೆ. ಬರಕೊಂಡಾಂವಂದೂ ತಪ್ಪಲ್ಲೇನು?" ಎಂದರು. ಆಮೇಲೆ ತಾವೇ ಮುಂದುವರಿಸಿದರು. "ಸಂದರ್ಭ ಕಾಪಾಡ್ತದ ಅಂತಿದ್ದೆ. ಏಳು ಹೊರಿ ಹೋದ ಮ್ಯಾಲೆ ಎಂಟನೇದೂ ಹೊರಿನ ಅನಸ್ತು. ನನ್ನ ಕೆಡವಿದ್ದ ಸಂದರ್ಭ." ಅವರು 'ಹೊರಿ' ಎಂದದ್ದನ್ನು ನಾನು ಗಮನಿಸಿದೆ. ಮೊದಲ ಸಲ.

"ಹಂಗಾರ ಉದಾಹರಣೆ ಸಿಕ್ಕಂಗಾತಲ್ರಿ ಸರ?" ಎಂದು ಮೆಲ್ಲಗೆ ಕೇಳಿದೆ.

"ಎಲ್ಲಿ ಸಿಕ್ತು? ಊರವರು ಒಬ್ಬರರ ತಪ್ಪು ಕೇಳಿದ್ರೇನು? ಎಲ್ಲಾರೂ ಓಡಿದ್ರು. ನಿಂತಾವ್ರು ನಾವಿಬ್ಬರ."

"ಅದ ಅಲ್ರಿ ಸರ ಉತ್ತರ?" ಎಂದಳು ಶೈಲಾ. "ತಲ್ಯಾಗ ಮನಿ, ಹೊರಿ ಇದ್ದಾವ್ರು ಓಡಿದ್ರು. ಮನೆ, ಹೊರೆ ಇಟ್ಟಕೊಂಡಾವ್ರು ನಿಂತ್ರು. ಆ ಎಕಾರ ನಮ್ಮ ತಲ್ಯಾಗ ಇಲ್ಲ ಅಂತ ನಾ ಐದು ವರ್ಷದಿಂದ ಹೇಳಾಕತ್ತೇನಿ." ಚೌಗುಲೆ ಸರ್ ಅಧ್ಯಾಯ ಇಡಲು ಒಪ್ಪಿದರು, ಒಂದು ಷರತ್ತಿನ ಮೇಲೆ: ಸಿದ್ಧಾಂತವನ್ನು ತಿರುಗಿಸಿ, ಊರವರ ತಲೆಯಲ್ಲಿರುವುದೇ ಮನಿ ಎಂದು ಬರೆಯಬೇಕು, ತಪ್ಪು ಕೇಳಿದವರನ್ನು ಕ ಮತ್ತು ಖ ಎಂದಷ್ಟೇ ಕರೆಯಬೇಕು. "ಖ ಅನ್ನಾವಂದು ಮುಂಗೈ ಮುರದೈತಿ ಅಂತ ಕೆಳಗ ಟಿಪ್ಪಣಿ ಹಾಕ್ರಿ. ಮುಂದಿನವರಿಗೆ ಉಪಯೋಗ ಆಗತೈತಿ."

ಈಗ ಹಗಲೂ ರಾತ್ರಿ ತಿರುಗಿಸಿ ಬರೆಯುತ್ತಿದ್ದೇನೆ. ಓದುಬರಹ ನನ್ನ ಕಿವಿಯಲ್ಲಿ ತುಂಬಿದ್ದ ಎಕಾರವನ್ನು ಹೋರಿ ಹಾಯ್ದು ಹೊರಗೆ ಹಾಕಿದೆ, ನಾನೂ ಮೊದಲನೆಯ ಗುಂಪಿಗೆ, ಓಡುವವರ ಗುಂಪಿಗೆ ಸೇರಿದ್ದೇನೆ ಎಂದು ಹೆಮ್ಮೆಪಡುತ್ತಿದ್ದೆ. ಮೊನ್ನೆ ರವಿವಾರ ಗಂಗವ್ವ ಖಾಸಬಾಗಕ್ಕೆ ಬಂದಳು. ಬಾಗಿಲಲ್ಲಿ ನಿಂತು, "ಅಳಿಯಾರ, ಲಗೂನ ತಗೀರಿ, ತಲಿ ಮ್ಯಾಲ ಹೊರಿ ಐತಿ" ಎಂದಳು. ಹ್ರಸ್ವ, ಸ್ಪಷ್ಟವಾಗಿ ಹ್ರಸ್ವ. ಸಂದರ್ಭವೂ ಸ್ಪಷ್ಟ, ತಲೆಯ ಮೇಲೆ ಯಾರೂ ಹೋರಿ ಹೊತ್ತು ಬರುವುದಿಲ್ಲ. ಶೈಲಾ ಅಡುಗೆಮನೆಯಿಂದ ಬಂದು ಬಾಗಿಲು ತೆಗೆದು, ಮೆಂತೆಯ ಹೊರೆ ಇಳಿಸಿಕೊಂಡು, ತಿರುಗಿ ನೋಡಿದಳು. ನಾನು ಮಂಚದ ಮೇಲೆ, ಗೋಡೆಗೆ ಬೆನ್ನು ಹಚ್ಚಿ ನಿಂತಿದ್ದೆ.

"ಹೊರಿ ರೀ" ಎಂದಳು. "ಹ್ರಸ್ವ."

"ಗೊತ್ತು" ಎಂದೆ.

"ಗೊತ್ತಿದ್ರ ಇಳೀರಿ."

ಗಂಗವ್ವ ಹೊರೆಯ ಹಗ್ಗ ಬಿಚ್ಚಿ, ಒಳಗೆ ಮೆಂತೆ ಬಿಟ್ಟು ಬೇರೇನೂ ಇಲ್ಲವೆಂದು ತೋರಿಸಿದ ಮೇಲೆ ಇಳಿದೆ.