ವಾಲಿದ ಗೋಡೆಯ ಘನತೆ

ವಿದೇಶಕ್ಕೆ ಹೋಗಿಬಂದವನ ಮಾತನ್ನು ಊರವರು ಒಂದು ವಾರ ಸಹಿಸುತ್ತಾರೆ. ಹೆಂಡತಿ, ಒಂದು ಲೋಟ ಕಾಫಿ ಕುಡಿದು ಮುಗಿಸುವಷ್ಟು ಹೊತ್ತು. ಕಾಫಿ ಬೆಳೆಗಾರರ ತಂಡದ ಜೊತೆ ಎಂಟು ದಿನ ಇಂಗ್ಲೆಂಡಿಗೆ ಹೋಗಿ ವಸ್ತಾರೆಗೆ ಮರಳಿದ ನನಗೆ ಇದು ತಿಳಿಯುವ ಹೊತ್ತಿಗೆ ತಡವಾಗಿತ್ತು. ಹೋದದ್ದು ಕಾಫಿ ವ್ಯಾಪಾರ ಕಲಿಯಲು. ಕಲಿತದ್ದು ಒಂದು ಹಳೆಯ ಬಂದರಿನ ಊರಿನಲ್ಲಿ ಕತ್ತೆತ್ತಿ ಬಾಯಿ ಬಿಡುವುದನ್ನು.

ಆ ಊರೇ ಹಾಗೆ. ಹಿಂದೆ ಹಡಗುಗಳು ಬಂದು ಉಣ್ಣೆ ತುಂಬಿಕೊಂಡು ಹೋಗುತ್ತಿದ್ದ ಜಾಗ. ಈಗ ಸಮುದ್ರವೇ ಬೇಸತ್ತು ದೂರ ಸರಿದಿದೆ. ಕೋಟೆಬಾಗಿಲು, ಗುಂಡುಕಲ್ಲು ಹಾಸಿದ ಓಣಿ, ಎರಡೂ ಕಡೆ ಕಪ್ಪು ತೊಲೆಗಳ ನಡುವೆ ಸುಣ್ಣ ಬಳಿದ ಮನೆಗಳು. ಮಹಡಿಗಳು ಎದುರುಮನೆಯವರ ತಟ್ಟೆಯಲ್ಲೇನಿದೆ ಎಂದು ಇಣುಕುವಂತೆ ಓಣಿಯ ಮೇಲೆ ಬಗ್ಗಿವೆ. ಒಂದಾದರೂ ನೆಟ್ಟಗೆ ನಿಂತಿಲ್ಲ. "ಒಡೆದ ಹಡಗಿನ ಮರದಿಂದ ಕಟ್ಟಿದ್ದಂತೆ. ಒಂದು ಮೊಳೆ ಹೊಡೆಯಲೂ ಅಪ್ಪಣೆ ಬೇಕು" ಎಂದು ಗೈಡ್ ಹೇಳಿದಾಗ ನನಗೆ ಕಣ್ಣು ತುಂಬಿ ಬಂತು. ಥೇಟ್ ನಮ್ಮ ಅಡುಗೆಮನೆ!

ನಮ್ಮದೂ ಅಜ್ಜನ ಕಾಲದ್ದು. ಗೋಡೆ ವಾಲಿದೆ, ಕಿಟಕಿ ಎಂಬ ಕಿಂಡಿಯಿಂದ ಹೊಗೆ ಹೋಗುವುದಿಲ್ಲ. ನಿಂತು ಅಡುಗೆ ಮಾಡುವ ಕಟ್ಟೆ, ಬೆಳಕು ಬರುವ ಒಂದು ಕಿಟಕಿ ಬೇಕೆಂದು ನನ್ನ ಹೆಂಡತಿ ಲಲಿತ ಮದುವೆಯಾದಾಗಿನಿಂದ ಕೇಳುತ್ತಿದ್ದಾಳೆ. ಈ ಸಲ ಕುಯ್ಲು ಮುಗಿದ ಮೇಲೆ ಕೆಡವಿ ಕಟ್ಟಿಸುತ್ತೇನೆಂದು ಮಾತು ಕೊಟ್ಟಿದ್ದೆ. ಬಂದವನೇ ಮಾತು ತಿರುಗಿಸಿದೆ. ಮೊಬೈಲಿನಲ್ಲಿ ಫೋಟೋ ತೋರಿಸಿ, "ನೋಡೇ, ವಾಲಿದ್ದನ್ನ ಅವರು ಹೇಗೆ ಪೂಜೆ ಮಾಡ್ತಾರೆ! ನಾವೂ ಮುಟ್ಟೋದು ಬೇಡ. ಇದು ಪರಂಪರೆ" ಎಂದೆ.

ಲಲಿತ ಸೊಂಟ ಹಿಡಿದುಕೊಂಡು ಒಲೆಯ ಮುಂದಿನಿಂದ ಎದ್ದು ನೋಡಿದಳು. "ಚಂದ ಇದೆ ಮಾರಾಯ್ರೆ. ಈ ಮನೇಲಿ ಅಡುಗೆ ಎಲ್ಲಿ ಮಾಡ್ತಾರೆ?"

"ಅಡುಗೆಯಾ? ಛೆ! ಅದು ಮ್ಯೂಸಿಯಂ. ಒಳಗೆ ಬೆಂಕಿಕಡ್ಡಿ ಗೀರೋ ಹಾಗೂ ಇಲ್ಲ" ಎಂದೆ, ಕಾನೂನು ನಾನೇ ಮಾಡಿದವನಂತೆ.

"ಹೌದಾ? ಹಾಗಾದ್ರೆ ನಾವೂ ಗೀರೋದು ಬೇಡ" ಎಂದವಳೇ ಒಲೆಗೆ ನೀರು ಚಿಮುಕಿಸಿ, ಹೊರಬಂದು ಅಡುಗೆಮನೆಯ ಬಾಗಿಲು ಎಳೆದುಕೊಂಡಳು.

ಅವಳೇನೋ ಎರಡು ಮನೆ ಆಚೆಯ ತಂಗಿಯ ಮನೆಯಲ್ಲಿ ಹೊಟ್ಟೆತುಂಬ ಉಂಡು ಬಂದಳು. ಆ ಮನೆಗೆ ನನ್ನನ್ನು ಯಾರೂ ಕರೆಯಲಿಲ್ಲ. ಹದಿನೈದು ಎಕರೆ ಕಾಫಿ ಬೆಳೆಯುವ ನಾನು ಬೆಳಗಿನ ಕಾಫಿಗೆ ಬಸ್‌ಸ್ಟ್ಯಾಂಡಿನ ಹೋಟೆಲಿನ ಬೆಂಚಿನ ಮೇಲೆ ಕಾದು ಕೂತೆ. ಎರಡು ದಿನ ಅಲ್ಲಿನ ತಣ್ಣನೆಯ ಪೂರಿ ತಿಂದ ಮೇಲೆ ಇಂಗ್ಲಿಷರ ಬಗ್ಗೆ ಇದ್ದ ಗೌರವ ಬಹಳ ಕಡಿಮೆಯಾಯಿತು.

ಮೂರನೆಯ ದಿನ ಗಾರೆ ಮೇಸ್ತ್ರಿ ಅಬ್ಬಾಸನನ್ನು ಕರೆಸಿದೆ. ಅವನು ಗೋಡೆ ತಟ್ಟಿ, "ಇಷ್ಟು ವರ್ಷ ಯಾಕೆ ಹೀಗೇ ಬಿಟ್ರಿ ಗೌಡ್ರೆ?" ಎಂದ.

"ಅವರಿಗೆ ಇತಿಹಾಸ ಅಂದ್ರೆ ಪ್ರಾಣ ಮೇಸ್ತ್ರಿ," ಎಂದಳು ಲಲಿತ, "ಒಳಗೆ ಕೂತು ರೊಟ್ಟಿ ತಟ್ಟೋರು ಬೇರೆಯವರಾದ್ರೆ."

ನಾನು ಮೇಸ್ತ್ರಿಯ ಅಳತೆ ಟೇಪಿನ ಇನ್ನೊಂದು ತುದಿ ಹಿಡಿದು ನಿಂತೆ.