ಮೂರು ಸಲ ನೆನೆದ ತಲೆ

ಹೆಂಡತಿಯ ಎದುರು ಗೆಲ್ಲಲಾಗದ ವ್ಯಾಜ್ಯವನ್ನು ದೇವರ ಹೆಸರಲ್ಲಿ ಗೆಲ್ಲಬಹುದೆಂಬ ಜ್ಞಾನೋದಯ ಮಾದಾಪುರದ ಬಿಳಿ ದೊರೆಯ ತೋಟದಲ್ಲಿ ಲೆಕ್ಕ ಬರೆಯುವ ರೈಟರ್ ಇನ್ನಾಸಪ್ಪನಿಗೆ ಆದದ್ದು ಮಗುವಿಗೆ ಬಿಕ್ಕಳಿಕೆ ಬಂದಾಗ.

ವ್ಯಾಜ್ಯ ಗಂಡುಮಗುವಿನ ಹೆಸರಿನದು. ತೀರಿಹೋದ ಅಪ್ಪ ಚೌರಪ್ಪನ ಹೆಸರು ಮನೆಯಲ್ಲಿ ಉಳಿಯಬೇಕೆಂದು ಅವನ ಆಸೆ.

"ಮಾವನ ಹೆಸರು ಬಾಯಲ್ಲಿ ಹೇಳೋಕಾಗುತ್ತಾ? ಹೆತ್ತ ಮಗನ್ನ 'ಏ ಇವ್ನೇ' ಅಂತ ಕರೀಲಾ?" ಹೆಂಡತಿ ಲೂರ್ದಮ್ಮ ಸಿಡುಕಿದಳು. "ನಮ್ಮಪ್ಪನ ಹೆಸರಿಡಿ. ಜೋಕಿಂ."

"ಅವರ ಹೆಸರು ಉಳಿಸೋಕೆ ಅವರೇ ಇಲ್ಲಿ ಇದ್ದಾರಲ್ಲ!"

ಇದ್ದರು. ಬಾಣಂತನಕ್ಕೆಂದು ಅತ್ತೆ ಅನ್ನಮ್ಮನ ಜೊತೆ ಬಂದ ಮಾವ ಜೋಕಿಮಪ್ಪ, ಜಗಲಿಯ ಮಂಚ ಏರಿದವರು ಇಳಿದೇ ಇರಲಿಲ್ಲ.

ವಿರಾಜಪೇಟೆಯಿಂದ ಪಾದ್ರಿ ಸ್ವಾಮಿಗಳು ಕುದುರೆಯೇರಿ ಬಂದು ಹೆಸರಿಟ್ಟು ಜ್ಞಾನಸ್ನಾನ ಕೊಡುವುದು ಮರುದಿನ. ಆದರೆ ಮಗುವಿನ ಜೀವಕ್ಕೆ ಅಪಾಯವಿದ್ದರೆ ಯಾರು ಬೇಕಾದರೂ ತಲೆಗೆ ನೀರು ಹೊಯ್ದು ಕೊಡಬಹುದು. ಒಮ್ಮೆ ಕೊಟ್ಟರೆ ಮುಗಿಯಿತು, ಇನ್ನೊಮ್ಮೆ ಕೊಡುವಂತಿಲ್ಲ. ಬಿಕ್ಕಳಿಕೆ ಅಪಾಯವಲ್ಲವೇ? (ಅಲ್ಲ. ಆದರೆ ಕೇಳುವವರಾರು?) ಲೂರ್ದಮ್ಮ ಬಚ್ಚಲಿಗೆ ಹೋದದ್ದೇ ತಡ, ಇನ್ನಾಸಪ್ಪ ಚೆಂಬೆತ್ತಿ, "ಚೌರಪ್ಪಾ, ಪಿತನ, ಸುತನ, ಪವಿತ್ರಾತ್ಮನ ನಾಮದಲ್ಲಿ..." ಎಂದು ಹೊಯ್ದೇಬಿಟ್ಟ. ಬಿಕ್ಕಳಿಕೆಯೂ ನಿಂತಿತು.

ಮರುದಿನ ಸ್ವಾಮಿಗಳು ಬಂದು ಹೆಸರೇನೆಂದು ಕೇಳಿದರು. ಇನ್ನಾಸಪ್ಪ ಪರಮ ವಿನಯದಿಂದ ಕೈಕಟ್ಟಿ ನಿಂತ.

"ಆಗಿಹೋಯ್ತು ಸ್ವಾಮಿ. ಮಗು ಸಾಯೋ ಹಾಗಿತ್ತು, ನಾನೇ ಕೊಟ್ಟೆ. ಚೌರಪ್ಪ."

"ನಾನು ಹೋದ ಭಾನುವಾರವೇ ಕೊಟ್ಟಾಯ್ತು," ಎಂದಳು ಲೂರ್ದಮ್ಮ. "ಮಗು ಸೀನಿತ್ತು. ಜೋಕಿಂ."

ಸ್ವಾಮಿಗಳು ಹಣೆ ಒತ್ತಿಕೊಳ್ಳುತ್ತಿರುವಾಗ ಬಾಗಿಲ ಬಳಿ ಸೂಲಗಿತ್ತಿ ಲಿಂಗಿ ಕೆಮ್ಮಿದಳು.

"ಅದಕ್ಕೂ ಮುಂಚೆ ನಾನು ಹುಯ್ದಿದ್ದೆ ಸ್ವಾಮಿ. ಕೂಸು ಉಸುರಾಡ್ದಿದ್ರೆ ಹಿಂಗನ್ನು ಅಂತ ನೀವೇ ಹೇಳ್ಕೊಟ್ಟಿದ್ರಲ್ಲ? ತಲೆ ಮಾತ್ರ ಈಚೆ ಬಂದಿತ್ತು, ಉಸುರಿಲ್ಲ. ಹುಯ್ದೆ. ಕಿಟಾರಂತ ಕಿರುಚ್ತು!"

"ಹೆಸರು?"

"ತಲೆ ನೋಡಿ ಗಂಡೋ ಹೆಣ್ಣೋ ಹೆಂಗ್ ಹೇಳ್ಲಿ? ನೀರು ತಂದ್ಕೊಟ್ಟ ಅವ್ವನ ಹೆಸರೇ ಬಾಯಿಗೆ ಬಂತು. ಅನ್ನಮ್ಮ."

ಸ್ವಾಮಿಗಳು ತೀರ್ಪು ಕೊಟ್ಟರು. ಲಿಂಗಿ ಕ್ರೈಸ್ತಳಲ್ಲದಿದ್ದರೂ ಅಪಾಯ ನಿಜವಾದದ್ದು, ಆದ್ದರಿಂದ ಮೊದಲು ಬಿದ್ದ ನೀರೇ ನೀರು. ಬಿಕ್ಕಳಿಕೆ, ಸೀನುಗಳ ಕುರಿತು ಗಂಡಹೆಂಡಿರಿಬ್ಬರೂ ಪಾಪನಿವೇದನೆಗೆ ಬರತಕ್ಕದ್ದು.

ದಪ್ಪ ಮೀಸೆಯ ಅನ್ನಮ್ಮನೊಬ್ಬ ತೋಟದಲ್ಲಿ ಆಳುಗಳನ್ನು ಗದರಿಸುವ ದೃಶ್ಯ ಇನ್ನಾಸಪ್ಪನ ಕಣ್ಣಿಗೆ ಕಟ್ಟಿತು. ಅವನು ಸ್ವಾಮಿಗಳ ಕಾಲಿಗೇ ಬಿದ್ದ.

"ಬೇರೆ ದಾರಿ ತೋರ್ಸಿ ಸ್ವಾಮಿ!"

"ಗಂಡಿಗೆ ಆ ಹೆಸರು ಸಲ್ಲದು, ನಿಜ. ಸಂತ ಅನ್ನಮ್ಮನವರ ಗಂಡನ ಹೆಸರಿಡೋಣ. ಆಗಬಹುದೋ?"

"ಆಗ್ಲಿ ಸ್ವಾಮಿ, ಖಂಡಿತ ಆಗ್ಲಿ!" ಗಂಡಸಿನ ಹೆಸರಾದರೆ ಸಾಕಾಗಿತ್ತು ಅವನಿಗೆ.

"ಒಳ್ಳೆಯದು. ಸಂತ ಜೋಕಿಂ."

ಲೂರ್ದಮ್ಮ ಸೆರಗಿನಿಂದ ಬಾಯಿ ಮುಚ್ಚಿಕೊಂಡು ಒಳಗೆ ಓಡಿದಳು.

ಸಂಜೆ ಮಗು ಅಳತೊಡಗಿತು. ತೊಟ್ಟಿಲು ತೂಗಿ ತೂಗಿ ಕೈಸೋತ ಇನ್ನಾಸಪ್ಪ ಕೊನೆಗೆ ರೇಗಿದ.

"ಲೋ ಜೋಕಿಂ! ಹೊಟ್ಟೆ ತುಂಬಿಲ್ವಾ? ಬಾಯ್ಮುಚ್ಕೊಂಡು ಬಿದ್ಕೋ!"

ಮಗು ಗಪ್ಪನೆ ಸುಮ್ಮನಾಯಿತು. ಜಗಲಿಯಲ್ಲಿ ಮಂಚ ಕಿರುಗುಟ್ಟಿತು.

"ಬಿದ್ಕೊಂಡೇ ಇದೀನಲ್ಲ, ಅಳಿಯಂದಿರೇ!"